ಹೆಸರಿಗೆ ಅರ್ಥ ಬೇಕೆ?

‘ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೆ ಗತಿಯಿಲ್ಲ’ ಎಂಬ ಗಾದೆಯನ್ನು ಕೇಳಿ ನಗದವರು ಯಾರು? ಇಂಥ ವಿನೋದಕ್ಕೆ ನಮ್ಮ ಊರುಗಳಲ್ಲಿ ಎಂದೂ ಬರವಿಲ್ಲ. ಧರ್ಮರಾಜನೆಂಬುವನು ತಕ್ಕಡಿಯಲ್ಲಿ ಕೈಚಳಕ ತೋರಿಸುತ್ತಾನೆ. ಶಾಂತಮ್ಮನ ಧ್ವನಿ ಮೂರು ಬೀದಿಗೆ ಕೇಳಿಸುತ್ತದೆ. ಭೀಮಪ್ಪನನ್ನು ನೋಡಿದರೆ ಗಾಳಿ ಬೀಸೀತೆಂದು ನಮಗೇ ಭಯವಾಗುತ್ತದೆ. ನಾವು ನಗುತ್ತೇವೆ. ಆದರೆ ನಗುವಾಗ ಒಂದು ನಂಬಿಕೆಯನ್ನು ಒಪ್ಪಿಕೊಂಡೇ ನಗುತ್ತೇವೆ. ಹೆಸರು ತನ್ನನ್ನು ಹೊತ್ತವನ ವಿಷಯದಲ್ಲಿ ನಿಜ ಹೇಳಬೇಕು, ಹೇಳದಿದ್ದರೆ ಹೆಸರೋ ಅದನ್ನು ಹೊತ್ತವನೋ ಇಬ್ಬರಲ್ಲೊಬ್ಬರು ತಪ್ಪಿತಸ್ಥರು ಎಂಬುದೇ ಆ ನಂಬಿಕೆ. ಇದು ನಿರಪಾಯವಾದ ನಂಬಿಕೆಯಂತೆ ತೋರುತ್ತದೆ. ಸ್ವಲ್ಪ ಆಳಕ್ಕಿಳಿದು ನೋಡಿದರೆ ಅಷ್ಟು ನಿರಪಾಯವಲ್ಲವೆಂದು ನನಗೆ ಅನ್ನಿಸುತ್ತದೆ. ಈ ಅನ್ನಿಸಿಕೆಯನ್ನು ವಾಚಕರ ಮುಂದಿಟ್ಟು ವಿಚಾರಮಾಡುವುದೇ ಈ ಲೇಖನದ ಉದ್ದೇಶ.

ಕಾಲೇಜಿನಲ್ಲಿ ಕನ್ನಡ ಪಾಠ ಹೇಳುವುದು ನನ್ನ ಕಸುಬು. ವ್ಯಾಕರಣದ ತರಗತಿಯಲ್ಲಿ ನಾಮಪದದ ಪ್ರಕರಣ ಬಂದಾಗ ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ಮೂರು ಬಗೆಗಳನ್ನು ಹೇಳಿಕೊಡುತ್ತೇನೆ. ನದಿ, ಮರ, ಮನುಷ್ಯ ಎಂಬುವು ರೂಢನಾಮಗಳು. ಕಾವೇರಿ, ಶಂಕರ, ರಾಮಕ್ಕ ಎಂಬುವು ಅಂಕಿತನಾಮಗಳು. ವ್ಯಾಪಾರಿ, ಕುಂಟ, ವಿದ್ವಾಂಸ ಎಂಬುವು ಅರ್ಥವನ್ನು ಅನುಸರಿಸಿ ಬಂದ ಅನ್ವರ್ಥನಾಮಗಳು. ವಿದ್ಯಾರ್ಥಿಗಳ ಪಾಲಿಗೆ ಇದು ಎರಡು ಅಂಕದ ಪ್ರಶ್ನೆ. ಬರೆದು ಮರೆತುಬಿಡುತ್ತಾರೆ. ಆದರೆ ಈ ವಿಂಗಡಣೆಯಲ್ಲಿ ಒಂದು ದೊಡ್ಡ ಮಾತು ಅಡಗಿದೆ. ವ್ಯಾಪಾರಿಯು ಅಂಗಡಿ ಮುಚ್ಚಿ ಕೀಲಿ ಹಾಕಿದ ದಿನ ವ್ಯಾಪಾರಿಯಾಗಿ ಉಳಿಯುವುದಿಲ್ಲ. ಕುಂಟನ ಕಾಲು ಸರಿಹೋದರೆ ಆ ಹೆಸರಿಗೆ ಅವನು ಬಾಧ್ಯನಲ್ಲ. ಶಂಕರನಾದರೋ ಏನು ಮಾಡಿದರೂ, ಏನು ಮಾಡದಿದ್ದರೂ ಶಂಕರನೇ. ಅನ್ವರ್ಥನಾಮವನ್ನು ಗಳಿಸಬಹುದು, ಕಳೆದುಕೊಳ್ಳಬಹುದು. ಅಂಕಿತನಾಮಕ್ಕೆ ಗಳಿಕೆಯೂ ಇಲ್ಲ, ನಷ್ಟವೂ ಇಲ್ಲ.

ಈ ಭೇದವನ್ನು ಕುರಿತ ಜಗಳ ಬಹಳ ಹಳೆಯದು. ಯಾಸ್ಕನ ನಿರುಕ್ತದಲ್ಲಿ ಅದು ದಾಖಲಾಗಿದೆ. ನಾಮಪದಗಳೆಲ್ಲವೂ ಧಾತುಗಳಿಂದ ಹುಟ್ಟಿದವು ಎಂಬುದು ಶಾಕಟಾಯನನ ಪಕ್ಷ. ಎಲ್ಲವೂ ಹಾಗಲ್ಲ ಎಂಬುದು ಗಾರ್ಗ್ಯನ ಪಕ್ಷ. ಹಾದಿಯನ್ನು ಕ್ರಮಿಸುವುದರಿಂದ ‘ಅಶ್ವ’ ಎಂಬ ಹೆಸರು ಬಂದಿದ್ದರೆ, ಹಾದಿಯನ್ನು ಕ್ರಮಿಸುವವರೆಲ್ಲರನ್ನೂ ಅಶ್ವವೆಂದೇ ಕರೆಯಬೇಕಾದೀತಲ್ಲ ಎಂಬುದು ಗಾರ್ಗ್ಯನ ಕಡೆಯವರ ಆಕ್ಷೇಪ. ಯಾಸ್ಕನು ಶಾಕಟಾಯನನ ಕಡೆಗೇ ಒಲಿದನು. ನನ್ನ ಮನಸ್ಸು ಗಾರ್ಗ್ಯನ ಆಕ್ಷೇಪದ ಬಳಿಯೇ ನಿಂತುಬಿಡುತ್ತದೆ. ಹೆಸರು ಹುಟ್ಟಿದ ಕಾರಣ ಒಂದು. ಹೆಸರು ಮಾಡುವ ಕೆಲಸ ಇನ್ನೊಂದು. ಇವೆರಡೂ ಒಂದೇ ಎಂದು ಭಾವಿಸಿದರೆ ಏನಾದೀತು? ಹೆಸರುಗಳೆಲ್ಲವೂ ಅನ್ವರ್ಥವಾಗಿಯೇ ಇರುವ ಒಂದು ಪ್ರಪಂಚವನ್ನು ಹುಡುಕಿಕೊಂಡು ಹೋಗಿ ನೋಡಿದರೆ ಉತ್ತರ ಸಿಕ್ಕೀತು. ಅಂಥ ಪ್ರಪಂಚವೊಂದನ್ನು ನಾನು ಬಲ್ಲೆ. ಅದು ರೇಡಿಯೋ ವಾಲ್ವುಗಳ ಪ್ರಪಂಚ.

ನನ್ನ ಸೋದರಮಾವನಿಗೆ ರೇಡಿಯೋ ರಿಪೇರಿಯ ಅಂಗಡಿಯಿತ್ತು. ನಾನು ಹುಡುಗನಾಗಿದ್ದಾಗ ಟ್ರಾನ್ಸಿಸ್ಟರು ಬಂದು ಬಹುಕಾಲವಾಗಿತ್ತು. ಆದರೂ ಹಳೆಯ ಮರದ ಪೆಟ್ಟಿಗೆಯ ರೇಡಿಯೋಗಳೂ, ಮದುವೆ ಜಾತ್ರೆಗಳಿಗೆ ಬಾಡಿಗೆಗೆ ಹೋಗುವ ಮೈಕ್‌ಸೆಟ್ಟಿನ ಆಂಪ್ಲಿಫೈಯರುಗಳೂ ಅಂಗಡಿಗೆ ಬರುತ್ತಿದ್ದುವು. “ಅಳಿಯಾ, ಎರಡನೆಯ ಖಾನೆಯಿಂದ ಒಂದು ಇಎಲ್ ೮೪ ತೆಗೆದುಕೊಡೋ” ಎಂದು ಮಾವ ಹೇಳುವರು. ನಾನು ಗಾಜಿನ ಮೇಲಿನ ಸಣ್ಣ ಅಕ್ಷರಗಳನ್ನು ಓದಿ ತೆಗೆದುಕೊಡುವೆನು. ಆ ಅಕ್ಷರಗಳು ಅರ್ಥವಿಲ್ಲದ ಗುರುತುಗಳೆಂದು ತಿಳಿಯಬೇಡಿ. ಯುರೋಪಿನ ಕಂಪನಿಗಳು ಅನುಸರಿಸುತ್ತಿದ್ದ ಆ ಕ್ರಮದಲ್ಲಿ ‘ಇ’ ಎಂದರೆ ಒಳಗಿನ ತಂತಿಯನ್ನು ಕಾಯಿಸಲು ೬.೩ ವೋಲ್ಟು ಬೇಕು ಎಂದರ್ಥ. ‘ಎಲ್’ ಎಂದರೆ ಸ್ಪೀಕರನ್ನು ನುಡಿಸುವಷ್ಟು ಶಕ್ತಿ ಕೊಡುವ ನಳಿಕೆ. ‘೮’ ಎಂದರೆ ಒಂಬತ್ತು ಕಡ್ಡಿಗಳ ಬುಡ. ಕೊನೆಯ ಅಂಕಿ ಆ ವರ್ಗದಲ್ಲಿ ಅದರ ಸರದಿ. ಹಾಗೆಯೇ ‘ಇಸಿಸಿ ೮೩’ ಎಂಬಲ್ಲಿ ಎರಡು ‘ಸಿ’ಗಳಿರುವುದು ಒಂದೇ ಗಾಜಿನೊಳಗೆ ಎರಡು ಟ್ರಯೋಡುಗಳಿರುವುದರಿಂದ. ಅಮೆರಿಕದವರ ಕ್ರಮ ಬೇರೆ. ಅವರು ಇಎಲ್ ೮೪ನ್ನು ‘೬ ಬಿಕ್ಯು ೫’ ಎಂದೂ ಇಸಿಸಿ ೮೩ನ್ನು ‘೧೨ ಎಎಕ್ಸ್ ೭’ ಎಂದೂ ಕರೆದರು. ಆ ಹೆಸರುಗಳಲ್ಲಿಯೂ ಮೊದಲ ಅಂಕಿ ಕಾಯಿಸುವ ವೋಲ್ಟನ್ನು ಸೂಚಿಸುತ್ತದೆ.

ಎಂಥ ಸತ್ಯಸಂಧವಾದ ಹೆಸರುಗಳು! ಇಲ್ಲಿ ಕ್ಷೀರಸಾಗರ ಭಟ್ಟರಿಗೆ ಎಡೆಯಿಲ್ಲ. ಹೆಸರನ್ನು ಓದಿದರೆ ಸಾಕು, ಯಾವ ಸಾಕೆಟ್ಟಿನಲ್ಲಿ ಕೂರುತ್ತದೆ, ಎಷ್ಟು ಉಣ್ಣುತ್ತದೆ, ಏನು ದುಡಿಯುತ್ತದೆ ಎಂಬುದೆಲ್ಲ ತಿಳಿಯುತ್ತದೆ. ಹಾಲೆಂಡಿನಲ್ಲಿ ಮಾಡಿದ್ದಾದರೇನು, ಬೆಂಗಳೂರಿನ ಭಾರತ್ ಎಲೆಕ್ಟ್ರಾನಿಕ್ಸ್ ಕಾರ್ಖಾನೆ ೧೯೬೧ರಿಂದ ವಾಲ್ವುಗಳನ್ನು ತಯಾರಿಸತೊಡಗಿದ ಮೇಲೆ ಅಲ್ಲಿಂದ ಬಂದದ್ದಾದರೇನು? ಸಂಖ್ಯೆ ಒಂದೇ ಆದರೆ ಗುಣವೂ ಒಂದೇ ಎಂದು ನಂಬಿ ಕೊಳ್ಳಬಹುದು. ಇಂದಿಗೂ ಗಿಟಾರ್ ನುಡಿಸುವವರಿಗಾಗಿಯೂ ಸಂಗೀತದ ರಸಿಕರಿಗಾಗಿಯೂ ರಷ್ಯಾ, ಸ್ಲೊವಾಕಿಯಾ, ಚೀನಗಳಲ್ಲಿ ಅವೇ ಸಂಖ್ಯೆಗಳ ನಳಿಕೆಗಳು ತಯಾರಾಗುತ್ತಿವೆ.

ಆದರೆ ಈ ಸತ್ಯಕ್ಕೆ ಒಂದು ಬೆಲೆಯಿದೆ. ಸುಟ್ಟುಹೋದ ಇಎಲ್ ೮೪ನ್ನು ಮಾವ ಕಿತ್ತು ಬುಟ್ಟಿಗೆ ಹಾಕಿ ಇನ್ನೊಂದನ್ನು ಸಿಕ್ಕಿಸುವರು. ರೇಡಿಯೋ ಮತ್ತೆ ಹಾಡತೊಡಗುವುದು. ಹೋದದ್ದಕ್ಕಾಗಿ ಯಾರೂ ಮರುಗುವುದಿಲ್ಲ, ಮರುಗಬೇಕಾಗಿಯೂ ಇಲ್ಲ. ಏಕೆಂದರೆ ಆ ಹೆಸರು ಹೇಳುವುದೆಲ್ಲ ಹೊಸದಕ್ಕೂ ಅಷ್ಟೇ ಚೆನ್ನಾಗಿ ಒಪ್ಪುತ್ತದೆ. ಹೊತ್ತವನನ್ನು ಪೂರ್ತಿಯಾಗಿ ವರ್ಣಿಸಿಬಿಡುವ ಹೆಸರು, ಆ ವರ್ಣನೆಗೆ ಒಪ್ಪುವ ಯಾರನ್ನು ಬೇಕಾದರೂ ಅವನ ಜಾಗದಲ್ಲಿ ಕೂರಿಸಬಹುದು ಎನ್ನುತ್ತದೆ. ವಸ್ತುವಿಗೆ ಇದು ಅನುಕೂಲ. ಮನುಷ್ಯನಿಗೆ ಇದಕ್ಕಿಂತ ದೊಡ್ಡ ಅವಮಾನ ಬೇರೆ ಇದೆಯೆ? ತೀರಿಕೊಂಡ ಮಗನ ಎತ್ತರ, ಬಣ್ಣ, ವಿದ್ಯೆ, ಉದ್ಯೋಗಗಳೆಲ್ಲ ಹೊಂದುವ ಇನ್ನೊಬ್ಬ ಹುಡುಗನನ್ನು ತಾಯಿಯ ಮುಂದೆ ತಂದು ನಿಲ್ಲಿಸಿ ‘ಇಗೋ’ ಎನ್ನಲು ಬರುತ್ತದೆಯೆ?

ಇನ್ನು ಈ ವಾಲ್ವನ್ನು ಕಂಡುಹಿಡಿದ, ಬೆಳೆಸಿದ ಜನರ ಹೆಸರುಗಳತ್ತ ತಿರುಗಿ ನೋಡೋಣ. ೧೯೦೪ರಲ್ಲಿ ಇಂಗ್ಲೆಂಡಿನ ಜಾನ್ ಆಂಬ್ರೋಸ್ ಫ್ಲೆಮಿಂಗ್ ಎರಡು ಧ್ರುವಗಳ ನಳಿಕೆಯನ್ನು ರೂಪಿಸಿದನು. ನೀರಿನ ಕೊಳವೆಯಲ್ಲಿರುವ ಕವಾಟದಂತೆ ಅದು ವಿದ್ಯುತ್ತನ್ನು ಒಂದೇ ಕಡೆಗೆ ಬಿಡುತ್ತದೆಯೆಂದು ಅದಕ್ಕೆ ‘ವಾಲ್ವ್’ ಎಂದು ಹೆಸರಿಟ್ಟನು. ನಾವು ಇಂಗ್ಲಿಷರಿಂದ ಆ ಮಾತನ್ನು ಕಲಿತೆವು. ಅಮೆರಿಕದವರು ‘ಟ್ಯೂಬ್’ ಎಂದೇ ಉಳಿದರು. ೧೯೦೬ರಲ್ಲಿ ಅಮೆರಿಕದ ಲೀ ಡಿ ಫಾರೆಸ್ಟ್ ಮೂರನೆಯ ಧ್ರುವವೊಂದನ್ನು ಸೇರಿಸಿ ನಳಿಕೆಯ ಪೇಟೆಂಟಿಗೆ ಮುಂದಾದನು. ಮುಂದೆ ಅದನ್ನು ಹಣಿಗೆಯಂಥ ತಂತಿಬಲೆಯ ರೂಪದಲ್ಲಿ ನಡುವೆ ನಿಲ್ಲಿಸಿದನು. ಈ ಬಲೆಯ ಮಹಿಮೆ ದೊಡ್ಡದು. ಕಾದ ತಂತಿಯಿಂದ ಹೊರಟ ಎಲೆಕ್ಟ್ರಾನುಗಳು ಎದುರಿನ ತಗಡಿನತ್ತ ಧಾವಿಸುವಾಗ ನಡುವಿನ ಬಲೆಯ ಮೇಲೆ ಅತಿ ಸಣ್ಣ ವಿದ್ಯುತ್ ಸಂಕೇತ ಬಿದ್ದರೂ ಆ ಪ್ರವಾಹದಲ್ಲಿ ದೊಡ್ಡ ಏರಿಳಿತವುಂಟಾಗುತ್ತದೆ. ಪಿಸುಮಾತನ್ನು ಸಭೆಗೆ ಕೇಳಿಸುವ ಗುಟ್ಟು ಇದೇ. ಅದರ ನಡೆಯನ್ನು ಚೆನ್ನಾಗಿ ಅರಿತು ಅದರಿಂದ ಹತ್ತು ಪಟ್ಟು ಕೆಲಸ ತೆಗೆದವನು ಎಡ್ವಿನ್ ಆರ್ಮ್‌ಸ್ಟ್ರಾಂಗ್. ಮುಂದೆ ೧೯೬೦ರ ದಶಕದಲ್ಲಿ ಲಂಡನಿನ ಜಿಮ್ ಮಾರ್ಷಲ್ ಎಂಬಾತ ಗಿಟಾರಿಗಾಗಿ ಮಾಡಿದ ವಾಲ್ವ್ ಆಂಪ್ಲಿಫೈಯರುಗಳು ಲೋಕಪ್ರಸಿದ್ಧವಾದುವು.

ಈ ನಾಲ್ವರ ಮನೆತನದ ಹೆಸರುಗಳನ್ನು ಬಿಡಿಸಿ ನೋಡಿದರೆ ಒಳ್ಳೆಯ ಸ್ವಾರಸ್ಯವಿದೆ. ಫ್ಲೆಮಿಂಗ್ ಎಂದರೆ ಫ್ಲಾಂಡರ್ಸ್ ದೇಶದಿಂದ ಬಂದವನು. ಡಿ ಫಾರೆಸ್ಟ್ ಎಂದರೆ ಅಡವಿಯವನು. ನಮ್ಮ ಧಾರವಾಡದ ಕಡೆ ಅವನು ಅಡವೆಪ್ಪನಾಗುತ್ತಿದ್ದನೋ ಏನೋ. ಆರ್ಮ್‌ಸ್ಟ್ರಾಂಗ್ ಎಂದರೆ ಬಲವಾದ ತೋಳಿನವನು. ಮಾರ್ಷಲ್ ಎಂಬುದರ ಮೂಲ ಕುದುರೆಯ ಚಾಕರಿಯವನು ಎಂದು. ಅದು ಹಳೆಯ ಜರ್ಮಾನಿಕ್ ಭಾಷೆಯ ಎರಡು ಶಬ್ದಗಳ ಸಮಾಸ. ಊರು, ನೆಲ, ಮೈಕಟ್ಟು, ಕಸುಬು ಇವುಗಳ ಜೊತೆಗೆ ತಂದೆಯ ಹೆಸರನ್ನೂ ಸೇರಿಸಿದರೆ ಇಂಗ್ಲಿಷ್ ಮನೆತನದ ಹೆಸರುಗಳ ಮುಖ್ಯ ಮೂಲಗಳೆಲ್ಲ ಬಂದಂತಾಯಿತು. ನಮ್ಮಲ್ಲಿಯೂ ಬಡಿಗೇರ, ಹೂಗಾರ, ಕುಲಕರ್ಣಿ, ಅಂಗಡಿ, ಮೆಣಸಿನಕಾಯಿ ಎಂಬ ಅಡ್ಡಹೆಸರುಗಳು ಇಂಥ ಮೂಲಗಳಿಂದಲೇ ಬಂದವು. ಎಂದರೆ ಇವೆಲ್ಲವೂ ಮೊದಲು ಹುಟ್ಟಿದ್ದು ಅನ್ವರ್ಥನಾಮಗಳಾಗಿ. ಯಾವನೋ ಒಬ್ಬನ ತೋಳು ನಿಜವಾಗಿ ಬಲವಾಗಿತ್ತು. ಯಾವನೋ ಒಬ್ಬ ನಿಜವಾಗಿ ಕುದುರೆಯ ಮೈ ಉಜ್ಜುತ್ತಿದ್ದನು. ತಲೆಮಾರುಗಳು ಕಳೆದಂತೆ ಅರ್ಥ ಸವೆಯಿತು. ಸವೆದು ಸವೆದು ಅನ್ವರ್ಥನಾಮವು ಅಂಕಿತನಾಮವಾಯಿತು. ಈಗ ಮಾರ್ಷಲ್ ಎಂದರೆ ಕುದುರೆಯ ಲಾಯ ಯಾರ ನೆನಪಿಗೂ ಬರುವುದಿಲ್ಲ.

ಇಂಗ್ಲೆಂಡಿನ ತತ್ತ್ವಜ್ಞಾನಿ ಜಾನ್ ಸ್ಟುವರ್ಟ್ ಮಿಲ್ ೧೮೪೩ರಲ್ಲಿ ಪ್ರಕಟಿಸಿದ ತರ್ಕಶಾಸ್ತ್ರದ ಗ್ರಂಥದಲ್ಲಿ ಇದನ್ನು ಒಂದು ಊರಿನ ದೃಷ್ಟಾಂತದಿಂದ ವಿವರಿಸುತ್ತಾನೆ. ಡಾರ್ಟ್ ನದಿಯ ಮುಖದಲ್ಲಿರುವುದರಿಂದ ಒಂದು ಊರಿಗೆ ಡಾರ್ಟ್‌ಮತ್ ಎಂದು ಹೆಸರು ಬಂದಿರಬಹುದು. ಮರಳು ತುಂಬಿ ನದಿ ಬೇರೆ ಕಡೆಗೆ ತಿರುಗಿದರೂ ಊರಿನ ಹೆಸರು ಬದಲಾಗಬೇಕಾಗಿಲ್ಲ. ಅಂಕಿತನಾಮವು ತೋರಿಸುತ್ತದೆಯೇ ಹೊರತು ವರ್ಣಿಸುವುದಿಲ್ಲ ಎಂಬುದು ಅವನ ಸಿದ್ಧಾಂತ. ಅವನ ಬಳಿಕ ಬಂದವರು ಇದರ ಮೇಲೆ ಅನೇಕ ಆಕ್ಷೇಪಗಳನ್ನು ಎತ್ತಿದ್ದಾರೆ. ತರ್ಕದ ಆ ಸೂಕ್ಷ್ಮಗಳು ನಮಗಿಲ್ಲಿ ಬೇಡ. ತರ್ಕದಲ್ಲಿ ಹೇಗೇ ಇರಲಿ, ನೀತಿಯ ದೃಷ್ಟಿಯಿಂದ ಈ ಸವೆತ ನಷ್ಟವೋ ಲಾಭವೋ ಎಂಬುದು ನನ್ನ ಪ್ರಶ್ನೆ.

ಇದಕ್ಕೆ ಉತ್ತರ ಹುಡುಕುವಾಗ ವಾಲ್ವಿನ ಚರಿತ್ರೆಯ ಒಂದು ಘಟನೆ ನನಗೆ ದಾರಿ ತೋರಿಸಿತು. ಡಿ ಫಾರೆಸ್ಟನ ನಳಿಕೆಗೆ ‘ಆಡಿಯಾನ್’ ಎಂಬ ಹೆಸರಿತ್ತು. ಕೇಳುವಿಕೆಯನ್ನು ಹೇಳುವ ಲ್ಯಾಟಿನ್ ಧಾತುವೂ ‘ಅಯಾನ್’ ಎಂಬ ಶಬ್ದವೂ ಅದರಲ್ಲಿ ಕೂಡಿಕೊಂಡಿವೆ. ನಳಿಕೆಯೊಳಗೆ ಸ್ವಲ್ಪ ಅನಿಲ ಉಳಿದಿರಬೇಕು, ಆ ಅನಿಲದ ಅಯಾನುಗಳಿಂದಲೇ ಕೆಲಸ ನಡೆಯುತ್ತದೆ ಎಂದು ಅವನು ನಂಬಿದ್ದನು. ಆದರೆ ಅನಿಲ ಉಳಿದ ಆ ನಳಿಕೆಗಳ ವರ್ತನೆ ಒಂದರಂತೆ ಒಂದಿರಲಿಲ್ಲ. ಹೆಚ್ಚು ವೋಲ್ಟು ಕೊಟ್ಟರೆ ನೀಲಿಯಾಗಿ ಬೆಳಗಿ ನಿರುಪಯೋಗಿಯಾಗುತ್ತಿದ್ದುವು. ೧೯೧೨–೧೩ರ ಸುಮಾರಿಗೆ ಜನರಲ್ ಎಲೆಕ್ಟ್ರಿಕ್ ಕಂಪನಿಯ ಇರ್ವಿಂಗ್ ಲ್ಯಾಂಗ್ಮ್ಯೂರ್, ವೆಸ್ಟರ್ನ್ ಎಲೆಕ್ಟ್ರಿಕ್ ಕಂಪನಿಯ ಹೆರಾಲ್ಡ್ ಆರ್ನಲ್ಡ್ ಇಬ್ಬರೂ ಬೇರೆ ಬೇರೆಯಾಗಿ ಇದರ ವಿರುದ್ಧವನ್ನು ತೋರಿಸಿಕೊಟ್ಟರು. ಉಳಿದ ಅನಿಲವನ್ನು ಸಾಧ್ಯವಾದಷ್ಟೂ ಹೊರಗೆ ಸೆಳೆದು ನಳಿಕೆಯನ್ನು ಬರಿದುಮಾಡಿದರೆ ಅದು ನಂಬಿಕೆಗೆ ಅರ್ಹವಾಗಿ ಕೆಲಸ ಮಾಡುತ್ತದೆ. ಆಮೇಲೆ ತಯಾರಾದ ವಾಲ್ವುಗಳೊಳಗೆ ಗಾಜಿಗೆ ಅಂಟಿದಂತೆ ಬೆಳ್ಳಿಯ ಬಣ್ಣದ ಒಂದು ಮಚ್ಚೆಯಿರುತ್ತದೆ. ಅದು ಬೇರಿಯಂ ಲೋಹದ್ದು. ಒಳಗೆ ಅಳಿದುಳಿದ ಅನಿಲವನ್ನು ಹೀರಿಕೊಳ್ಳುವುದೇ ಅದರ ಕೆಲಸ. ಎಲ್ಲಾದರೂ ಬಿರುಕು ಬಿಟ್ಟು ಗಾಳಿ ಹೊಕ್ಕರೆ ಆ ಮಚ್ಚೆ ಸುಣ್ಣದಂತೆ ಬೆಳ್ಳಗಾಗುತ್ತದೆ. ನಮ್ಮ ಮಾವ ಮೀಟರು ಮುಟ್ಟುವ ಮೊದಲೇ ಅದನ್ನು ನೋಡಿ “ಇದಕ್ಕೆ ಗಾಳಿ ಹೊಕ್ಕಿದೆ” ಎಂದು ಬದಿಗಿಡುತ್ತಿದ್ದರು.

ಹೆಸರಿನ ಕಥೆಯೂ ಇದಕ್ಕೆ ಹತ್ತಿರವಾದದ್ದೆಂದು ನನಗೆ ತೋರುತ್ತದೆ. ಉಪಮೆಯನ್ನು ಎಳೆದಾಡಬಾರದು, ಗಾಜಿನ ನಳಿಕೆ ಬೇರೆ, ಮನುಷ್ಯನ ಹೆಸರು ಬೇರೆ. ಆದರೂ ಇಷ್ಟನ್ನು ಹೇಳಬಹುದು: ಒಳಗೆ ಹಳೆಯ ಅರ್ಥ ತುಂಬಿಕೊಂಡಿರುವ ಹೆಸರಿನಲ್ಲಿ ಹೊಸ ಬದುಕಿಗೆ ಜಾಗವಿಲ್ಲ. ಬಲವಾದ ತೋಳು ಎಂಬ ಅರ್ಥ ಬರಿದಾದ ಮೇಲೆಯೇ ಆರ್ಮ್‌ಸ್ಟ್ರಾಂಗ್ ಎಂಬ ಹೆಸರಿನಲ್ಲಿ ಸೂಪರ್‌ಹೆಟರೊಡೈನ್ ರೇಡಿಯೋ, ಎಫ್‌ಎಂ ಪ್ರಸಾರ, ಪೇಟೆಂಟಿಗಾಗಿ ವರ್ಷಾನುಗಟ್ಟಲೆ ಹೂಡಿದ ವ್ಯಾಜ್ಯಗಳು, ೧೯೫೪ರ ಜನವರಿಯಲ್ಲಿ ಬಂದ ಆತ್ಮಹತ್ಯೆಯ ದಾರುಣ ಅಂತ್ಯ ಇವೆಲ್ಲಕ್ಕೂ ಎಡೆಯಾಯಿತು. ಹೆಸರು ಬರಿದಾಗಿದ್ದುದರಿಂದಲೇ ಅದು ಅವನದಾಯಿತು. ಮಗುವಿಗೆ ಹೆಸರಿಡುವಾಗ ನಾವು ಹಾರೈಕೆಯನ್ನು ಇಡುತ್ತೇವೆ. ಬದುಕನ್ನು ಅದು ತಾನೇ ತಂದು ತುಂಬಬೇಕು.

ಹಾಗಾದರೆ, ಏನನ್ನೂ ವರ್ಣಿಸದ ಹೆಸರಿನ ಕೆಲಸವೇನು? ಕರೆಯುವುದು. ೧೮೭೬ರಲ್ಲಿ ಅಲೆಕ್ಸಾಂಡರ್ ಗ್ರಹಾಂ ಬೆಲ್ ತನ್ನ ಟೆಲಿಫೋನಿನಲ್ಲಿ ಮೊಟ್ಟಮೊದಲು ಸ್ಪಷ್ಟವಾಗಿ ಕಳುಹಿಸಿದ ವಾಕ್ಯ ಯಾವುದು ಬಲ್ಲಿರಾ? ಪಕ್ಕದ ಕೋಣೆಯಲ್ಲಿದ್ದ ಸಹಾಯಕ ವಾಟ್ಸನನ ಹೆಸರು ಹಿಡಿದು ಬಾ ಎಂದು ಕರೆದದ್ದು. ಮೂವತ್ತೊಂಬತ್ತು ವರ್ಷಗಳ ಬಳಿಕ, ೧೯೧೫ರ ಜನವರಿ ೨೫ರಂದು, ನ್ಯೂಯಾರ್ಕಿನಿಂದ ಸ್ಯಾನ್‌ಫ್ರಾನ್ಸಿಸ್ಕೊವರೆಗಿನ ಟೆಲಿಫೋನು ದಾರಿಯ ಉದ್ಘಾಟನೆಯಾಯಿತು. ಮೂರು ಸಾವಿರ ಮೈಲಿಗೂ ಮೀರಿದ ಆ ತಂತಿಯಲ್ಲಿ ಧ್ವನಿ ಸೊರಗಿ ಸಾಯದಂತೆ ನಡುನಡುವೆ ಎತ್ತಿ ಕಳುಹಿಸಿದ್ದು ಆಗ ತಾನೇ ಪೂರ್ತಿ ಬರಿದುಮಾಡಲು ಕಲಿತಿದ್ದ ವಾಲ್ವುಗಳು. ಈ ತುದಿಯಲ್ಲಿ ಮುದುಕನಾದ ಬೆಲ್, ಆ ತುದಿಯಲ್ಲಿ ವಾಟ್ಸನ್. ಬೆಲ್ ಮತ್ತೆ ಅದೇ ಹೆಸರು ಹಿಡಿದು ಅದೇ ಮಾತಿನಿಂದ ಕರೆದನು. ಈಗ ಬರಬೇಕಾದರೆ ಒಂದು ವಾರ ಬೇಕಾದೀತು ಎಂದು ವಾಟ್ಸನ್ ಓಗೊಟ್ಟನು. ವಾಟ್ಸನ್ ಎಂದರೆ ‘ವಾಟ್‌ನ ಮಗ’ ಎಂದರ್ಥ. ವಾಟ್ ಎಂಬುದು ವಾಲ್ಟರ್ ಎಂಬುದರ ಮೊಟಕು ರೂಪ. ಆದರೆ ಅವನು ಓಗೊಟ್ಟದ್ದು ಯಾವ ವಾಲ್ಟರನ ಮಗನೆಂದೂ ಅಲ್ಲ. ಆ ಹೆಸರಿನಿಂದ ಕರೆಯುತ್ತಿರುವುದು ತನ್ನನ್ನೇ ಎಂದು ತಿಳಿದದ್ದರಿಂದ. ವರ್ಣನೆ ಎಂಬುದು ಒಬ್ಬನ ಬೆನ್ನ ಹಿಂದೆಯೂ ಆಡಬಹುದಾದ ಮಾತು. ಹೆಸರು ಅವನ ಮುಖಕ್ಕೆ ಎದುರಾಗಿ ಆಡುವ ಮಾತು. ಅವನು ತಿರುಗಿ ನೋಡಿದಾಗ ಆ ಮಾತು ಪೂರ್ತಿಯಾಗುತ್ತದೆ.

ಇಲ್ಲಿಯವರೆಗೆ ಬಂದ ವಾಚಕರು, ಇದೆಲ್ಲ ಶಬ್ದಗಳ ವಿಲಾಸ, ಇದರಲ್ಲಿ ನೀತಿಯ ಪ್ರಶ್ನೆ ಎಲ್ಲಿದೆ ಎಂದು ಕೇಳಬಹುದು. ಅರ್ಥ ಬರಿದಾಗಲು ಬಿಡದ ಹೆಸರುಗಳು ಮನುಷ್ಯರಿಗೆ ಏನು ಮಾಡುತ್ತವೆಂಬುದನ್ನು ನೋಡಿದರೆ ಪ್ರಶ್ನೆ ಎಲ್ಲಿದೆಯೆಂದು ತಿಳಿಯುತ್ತದೆ. ನಮ್ಮ ಪಕ್ಕದ ಮಹಾರಾಷ್ಟ್ರದ ಕೆಲವು ಕಡೆ ಮೇಲಿಂದ ಮೇಲೆ ಹೆಣ್ಣು ಹುಟ್ಟಿದರೆ ಕೊನೆಯ ಕೂಸಿಗೆ ‘ನಕುಸಾ’ ಎಂದು ಹೆಸರಿಡುವ ವಾಡಿಕೆಯಿತ್ತು. ‘ಬೇಡವಾದವಳು’ ಎಂದು ಅದರ ಅರ್ಥ. ಆ ಶಬ್ದ ಯಾವುದೋ ಸತ್ತ ಭಾಷೆಯದಲ್ಲ, ದಿನಬಳಕೆಯ ಮರಾಠಿಯದೇ. ಆದ್ದರಿಂದ ಶಾಲೆಯಲ್ಲಿ ಹಾಜರಿ ಕೂಗಿದಾಗಲೆಲ್ಲ, ಗೆಳತಿಯರು ಆಟಕ್ಕೆ ಕರೆದಾಗಲೆಲ್ಲ, ಆ ಹುಡುಗಿ ತಾನು ಬೇಡವಾದವಳೆಂಬ ಮಾತಿಗೆ ಓಗೊಡಬೇಕಾಗಿತ್ತು. ೨೦೧೧ರ ಅಕ್ಟೋಬರಿನಲ್ಲಿ ಸಾತಾರಾ ಜಿಲ್ಲೆಯಲ್ಲಿ ಅಂಥ ಹೆಸರಿನ ೨೮೫ ಹುಡುಗಿಯರಿಗೆ ಸಮಾರಂಭವೊಂದರಲ್ಲಿ ಹೊಸ ಹೆಸರುಗಳನ್ನು ಕೊಡಲಾಯಿತು. ಇದನ್ನು ಓದಿದಾಗ ಆ ಮಕ್ಕಳು ಹೊಸ ಹೆಸರಿನ ಅರ್ಥವನ್ನು ಎಷ್ಟು ಯೋಚಿಸಿದರೋ ನಾನರಿಯೆ. ಹಳೆಯ ಅರ್ಥದಿಂದ ಬಿಡುಗಡೆ ಹೊಂದಿದರಲ್ಲ ಎಂದು ನನಗೆ ಸಮಾಧಾನವಾಯಿತು.

ನಮ್ಮಲ್ಲಿಯೂ ತಿಪ್ಪಯ್ಯ, ಗುಂಡಪ್ಪ ಎಂಬ ಹೆಸರುಗಳಿವೆ. ಹುಟ್ಟಿದ ಮಕ್ಕಳು ನಿಲ್ಲದೆ ಹೋದಾಗ ಮುಂದಿನ ಕೂಸನ್ನಾದರೂ ಮೃತ್ಯು ಕಡೆಗಣಿಸಲಿ ಎಂದು ತಿಪ್ಪೆಯನ್ನೋ ಕಲ್ಲಿನ ಗುಂಡನ್ನೋ ನೆನೆದು ಹೆಸರಿಡುತ್ತಿದ್ದರು. ಹೊರಗೆ ಒರಟಾಗಿ ಕಂಡರೂ ಒಳಗೆ ಅದು ಮಮತೆಯ ಉಪಾಯ. ಆ ಹೆಸರುಗಳು ಸವೆದು ನಯವಾಗಿವೆ. ಅವನ್ನು ಹೊತ್ತು ಗೌರವದಿಂದ ಬಾಳಿದವರು ಎಷ್ಟೋ ಮಂದಿ. ಎರಡೂ ಹೀನಾರ್ಥದ ಹೆಸರುಗಳೇ. ಒಂದು ಸವೆಯಿತು, ಇನ್ನೊಂದು ಸವೆಯಲಿಲ್ಲ. ಸವೆಯಲು ಬಿಡುವವರೂ ಬಿಡದವರೂ ಸುತ್ತಲಿನ ಜನ ಎಂಬುದನ್ನು ಮರೆಯಬಾರದು.

ಇನ್ನೊಂದು ಬಗೆಯ ಹೆಸರುಗಳಿವೆ. ಅವುಗಳ ಶಬ್ದಾರ್ಥ ಸವೆದಿದ್ದರೂ ನಾವು ಬೇರೊಂದು ಅರ್ಥವನ್ನು ಕೆದಕಿ ತೆಗೆಯುತ್ತೇವೆ. ಕೆಲವು ವರ್ಷಗಳ ಹಿಂದೆ ನನ್ನ ವಿದ್ಯಾರ್ಥಿಯೊಬ್ಬ ನಾನಿರುವ ಊರಿನಲ್ಲಿ ಬಾಡಿಗೆಯ ಕೋಣೆ ಹುಡುಕುತ್ತಿದ್ದ. ಜೊತೆಗೆ ನಾನೂ ಹೋಗಿದ್ದೆ. ಮನೆಯ ಯಜಮಾನರು ಸಭ್ಯರು. ಕೂರಿಸಿ ಕಾಫಿ ಕೊಟ್ಟರು. “ಹೆಸರೇನಪ್ಪ?” ಎಂದರು. ಹುಡುಗ ಹೇಳಿದ. “ಪೂರ್ತಿ ಹೆಸರು?” ಅದನ್ನೂ ಹೇಳಿದ. “ತಂದೆಯ ಹೆಸರು?” ಹೇಳಿದ. “ಯಾವ ಊರು?” ಹೇಳಿದ. “ನಮಗೂ ಆ ಊರು ಗೊತ್ತು. ಅಲ್ಲಿ ನಿಮ್ಮದು ಯಾವ ಕೇರಿ?” ಹುಡುಗ ಲೋಟವನ್ನು ಕೆಳಗಿಟ್ಟ. ಕೋಣೆ ಅಂದು ಸಂಜೆಯೇ ಬೇರೆಯವರಿಗೆ ಗೊತ್ತಾಗಿಬಿಟ್ಟಿದೆಯೆಂದು ಮರುದಿನ ತಿಳಿಯಿತು.

ಆ ಯಜಮಾನರು ಕೇಳಿದ್ದು ಹೆಸರನ್ನೆಂದು ಯಾರೂ ಹೇಳಲಾರರು. ಮಾವ ಗಾಜಿನ ಮೇಲಿನ ಅಕ್ಷರಗಳನ್ನು ಓದುತ್ತಿದ್ದ ರೀತಿಯಲ್ಲಿ ಅವರು ಹುಡುಗನನ್ನು ಓದುತ್ತಿದ್ದರು: ಇದು ಯಾವ ವರ್ಗ, ಎಷ್ಟು ಕಡ್ಡಿ, ಯಾವ ಸಾಕೆಟ್ಟು? ನಮ್ಮ ದೇಶದಲ್ಲಿ ‘ಪೂರ್ತಿ ಹೆಸರೇನು?’ ಎಂಬ ಪ್ರಶ್ನೆ ಎಷ್ಟೋ ಸಲ ಕರೆಯುವುದಕ್ಕಾಗಿ ಕೇಳುವ ಪ್ರಶ್ನೆಯಾಗಿರುವುದಿಲ್ಲ. ಜಾತಿಯನ್ನು ಅಳೆಯುವ ಮೀಟರಾಗಿರುತ್ತದೆ. ಹೆಸರನ್ನು ಅನ್ವರ್ಥವಾಗಿ ಓದುವ ನಮ್ಮ ಚಟ, ಕ್ಷೀರಸಾಗರ ಭಟ್ಟರನ್ನು ಕಂಡು ನಗುವವರೆಗೆ ವಿನೋದ. ಕೇರಿಯನ್ನು ಕೇಳುವಲ್ಲಿಗೆ ಬಂದಾಗ ಅನ್ಯಾಯ. ಎರಡಕ್ಕೂ ಬೇರು ಒಂದೇ.

ಇದಕ್ಕೆ ಬಲವಾದ ಒಂದು ಆಕ್ಷೇಪವನ್ನು ನಾನೇ ಎತ್ತಬೇಕು. ಹೆಸರು ಮನುಷ್ಯನ ಗೌರವ, ಸಂಖ್ಯೆ ಅವನ ಅವಮಾನ ಎಂದಾದರೆ, ವಿಶ್ವವಿದ್ಯಾಲಯದ ಮೌಲ್ಯಮಾಪನ ಕೇಂದ್ರದಲ್ಲಿ ನಾನು ಮಾಡುವ ಕೆಲಸಕ್ಕೆ ಏನು ಹೇಳಬೇಕು? ಅಲ್ಲಿ ಉತ್ತರ ಪತ್ರಿಕೆಗಳ ಮೇಲೆ ಹೆಸರಿರುವುದಿಲ್ಲ, ಸಂಕೇತದ ಸಂಖ್ಯೆಯಿರುತ್ತದೆ. ಆ ಸಂಖ್ಯೆಯೇ ವಿದ್ಯಾರ್ಥಿಯ ರಕ್ಷಣೆ. ಕೋಣೆ ಸಿಗದ ಆ ಹುಡುಗ ಅಂದು ತನ್ನ ಹೆಸರಿನ ಬದಲು ಒಂದು ಸಂಖ್ಯೆಯನ್ನು ಹೇಳುವಂತಿದ್ದರೆ ಕೋಣೆ ಸಿಗುತ್ತಿತ್ತೇನೋ. ಹಾಗಾದರೆ ಸಂಖ್ಯೆಯೇ ಹೆಚ್ಚು ಕರುಣಾಳುವೆ?

ಕೆಲವೆಡೆ ಹೌದೆಂದು ಒಪ್ಪಲೇಬೇಕು. ಆದರೆ ಕಾರಣವನ್ನು ಗಮನಿಸಿ. ಪರೀಕ್ಷೆಯ ಸಂಖ್ಯೆ ತನಗೆ ಗೊತ್ತಿರುವುದು ಅತ್ಯಲ್ಪವೆಂದು ಒಪ್ಪಿಕೊಳ್ಳುತ್ತದೆ: ಇದು ಇಂಥ ಪತ್ರಿಕೆ, ಇದಕ್ಕೆ ಅಂಕ ಹಾಕು, ಅಷ್ಟೇ. ವಿದ್ಯಾರ್ಥಿ ಯಾರು, ಎಂಥವನು ಎಂದು ಅದು ಹೇಳಲು ಹೋಗುವುದಿಲ್ಲ. ಜಾತಿಯ ಗುರುತಾಗಿ ಓದಲ್ಪಟ್ಟ ಹೆಸರು ಎಲ್ಲವನ್ನೂ ಬಲ್ಲೆನೆನ್ನುತ್ತದೆ. ಸಂಖ್ಯೆಯ ಆಶ್ರಯಕ್ಕೆ ನಾವು ಓಡಬೇಕಾಗಿ ಬಂದದ್ದು ಹೆಸರಿನ ದೋಷದಿಂದಲ್ಲ, ಹೆಸರನ್ನು ನಾವು ಸಂಖ್ಯೆಗಿಂತ ಕೀಳಾಗಿಸಿದ್ದರಿಂದ. ಎಲ್ಲರ ಹೆಸರುಗಳೂ ಬರಿದಾಗಿರುವ ಸಮಾಜದಲ್ಲಿ ಉತ್ತರ ಪತ್ರಿಕೆಯ ಮೇಲೆ ಹೆಸರನ್ನು ಮುಚ್ಚಬೇಕಾದ ಅಗತ್ಯ ಬಹಳ ಮಟ್ಟಿಗೆ ಕಡಿಮೆಯಾದೀತು.

ಇನ್ನೊಂದು ಆಕ್ಷೇಪ ನನ್ನ ಕಸುಬಿನವರಿಂದಲೇ ಬರುತ್ತದೆ. ಹೆಸರಿನ ಮೂಲವನ್ನು ಹುಡುಕುವುದೇ ತಪ್ಪೆಂದರೆ ಭಾಷಾಶಾಸ್ತ್ರದ ಒಂದು ಕವಲೇ ಒಣಗೀತಲ್ಲವೆ? ಶಂ.ಬಾ. ಜೋಶಿಯವರು ಊರುಗಳ ಹೆಸರುಗಳನ್ನು ಹಿಡಿದು ಕನ್ನಡಿಗರ ಪ್ರಾಚೀನತೆಯನ್ನು ಶೋಧಿಸಿದರು. ಅದು ವಿದ್ಯೆಗೆ ಆದ ದೊಡ್ಡ ಉಪಕಾರ. ನಾನು ಅದನ್ನು ಬೇಡವೆನ್ನುವುದಿಲ್ಲ. ಸಂಶೋಧಕನು ಹೆಸರನ್ನು ಬಿಡಿಸುವಾಗ ಹಿಂದಿನ ಕಾಲದ ಜನ ಹೇಗೆ ಬಾಳಿದರೆಂದು ಕೇಳುತ್ತಾನೆ. ಮನೆಯ ಯಜಮಾನರು ಹೆಸರನ್ನು ಬಿಡಿಸಿದ್ದು ಎದುರಿಗೆ ಕೂತ ಹುಡುಗನನ್ನು ಅಳೆಯುವುದಕ್ಕೆ. ಮಾರ್ಷಲ್ ಎಂಬ ಹೆಸರಿನಲ್ಲಿ ಹಿಂದೆ ಕುದುರೆಯಿತ್ತೆಂದು ತಿಳಿಯುವುದು ಜ್ಞಾನ. ಜಿಮ್ ಮಾರ್ಷಲನನ್ನು ಕಂಡಾಗ ಕುದುರೆಯವನೆಂದು ಬಗೆಯುವುದು ಅಜ್ಞಾನ.

ವಾಲ್ವುಗಳ ವಿಷಯದಲ್ಲಿಯೂ ಒಂದು ಮಾತು ಬಾಕಿಯಿದೆ. ಒಂದೇ ಸಂಖ್ಯೆಯವು ಒಂದೇ ಗುಣದವು ಎಂದೆನಲ್ಲ, ಅದೂ ಪೂರ್ತಿ ನಿಜವಲ್ಲ. ಎರಡು ವಾಲ್ವುಗಳು ಜೋಡಿಯಾಗಿ, ಒಂದು ಎಳೆಯುವಾಗ ಇನ್ನೊಂದು ತಳ್ಳುವಂತೆ ದುಡಿಯುವ ಆಂಪ್ಲಿಫೈಯರುಗಳಿವೆ. ಅವುಗಳಲ್ಲಿ ಒಂದೇ ಸಂಖ್ಯೆಯ ಯಾವುವೋ ಎರಡನ್ನು ಸಿಕ್ಕಿಸಿದರೆ ಸಾಲದು. ಒಂದೊಂದನ್ನೂ ಅಳೆದು ಸರಿಸಮನಾದ ಜೋಡಿಯನ್ನು ಆರಿಸಬೇಕು. ಗಾಜಿನ ಮೇಲಿನ ಅಕ್ಷರಗಳು ಹೇಳುವುದಕ್ಕಿಂತ ಒಳಗಿರುವುದು ಕೊಂಚ ಬೇರೆಯೇ ಇರುತ್ತದೆ. ಯಂತ್ರದಲ್ಲಿ ಮಾಡಿದ, ಪ್ರಾಣವಿಲ್ಲದ ಗಾಜಿನ ಬುರುಡೆಯನ್ನೇ ಅದರ ಹೆಸರಿನಿಂದ ಪೂರ್ತಿ ತಿಳಿಯಲಾಗದು ಎಂದಮೇಲೆ, ಹೆಸರನ್ನು ಕೇಳಿ ಮನುಷ್ಯನನ್ನು ತಿಳಿದೆವೆನ್ನುವ ನಮ್ಮ ಧೈರ್ಯಕ್ಕೆ ಏನೆನ್ನಬೇಕು?

ಹೆಸರಿಗೆ ಅರ್ಥ ಬೇಕೆ ಎಂಬ ಪ್ರಶ್ನೆಗೆ ನನ್ನ ಉತ್ತರ ಇಷ್ಟು. ಇಡುವಾಗ ಬೇಕು, ಇಟ್ಟ ಮೇಲೆ ಬೇಡ. ತೊಟ್ಟಿಲಿನ ಬಳಿ ಕೂಸಿನ ಕಿವಿಯಲ್ಲಿ ಹೇಳುವ ಹೆಸರಿನಲ್ಲಿ ದೇವರಿರಲಿ, ಅಜ್ಜನಿರಲಿ, ಹೂವಿರಲಿ, ನಮ್ಮ ಆಸೆಗಳೆಲ್ಲ ಇರಲಿ. ಹಾಗಿರದಿದ್ದರೆ ಅದು ಹಾರೈಕೆಯಾಗದು. ಆದರೆ ಆ ಕೂಸು ಎದ್ದು ಬೀದಿಗೆ ನಡೆದು ಬಂದ ದಿನ ನಾವು ನಮ್ಮ ಅರ್ಥಗಳನ್ನು ಹಿಂದಕ್ಕೆ ತೆಗೆದುಕೊಳ್ಳಬೇಕು. ಶಾಂತಮ್ಮನಿಗೆ ಗಟ್ಟಿಯಾಗಿ ಮಾತಾಡುವ ಹಕ್ಕಿದೆ. ಭೀಮಪ್ಪನಿಗೆ ಬಡಕಲಾಗಿರುವ ಹಕ್ಕಿದೆ. ದೂರದ ಊರಿನ ಯಾವುದೋ ಕೇರಿಯಿಂದ ಬಂದ ಹುಡುಗನಿಗೆ ತನ್ನ ಹೆಸರನ್ನು ಹೇಳಿ, ಅಷ್ಟಕ್ಕೇ ನಿಲ್ಲಿಸಿ, ಕಾಫಿಯನ್ನು ನೆಮ್ಮದಿಯಿಂದ ಕುಡಿದು ಮುಗಿಸುವ ಹಕ್ಕಿದೆ. ಅವನು ಎಂಥವನೆಂದು ತಿಳಿಯಬೇಕಾದರೆ ಹೆಸರು ಹಿಡಿದು ಕರೆಯೋಣ. ಅವನು ಓಗೊಟ್ಟು ಬಂದು ಮಾತಾಡಿದಾಗ ಕೇಳಿಸಿಕೊಳ್ಳೋಣ. ತಿಳಿಯುವುದಕ್ಕೆ ಬೇರೆ ದಾರಿಯನ್ನು ನಾನು ಕಾಣೆ.